ಚರಣ ಕಟ್ಟಲಾರದ ಭಾವ

ನನ್ನ ಭಾವನನ್ನು ಜಗತ್ತು ‘ಕಡಲಿನ ಅಲ್ಸೀನೊ’ ಎಂದು ಕರೆಯುತ್ತದೆ. ಹುಟ್ಟಿದ್ದು ನಮ್ಮ ಇರಾಜಾ ಬಡಾವಣೆಯಲ್ಲಿ, ರೈಲು ಹಳಿಯ ಪಕ್ಕ. ಇಲ್ಲಿಂದ ಕಡಲು ನೋಡಬೇಕಾದರೆ ರೈಲು, ಬಸ್ಸು ಹಿಡಿದು ರಿಯೋದ ಆ ತುದಿಗೆ ಒಂದೂವರೆ ಗಂಟೆ ಹೋಗಬೇಕು. ಅವನಿಗೆ ಈಜಲೂ ಬಾರದು. ಆದರೂ ಟೀವಿಯಲ್ಲಿ ಕಣ್ಣು ಅರೆಮುಚ್ಚಿ, “ಅಲೆಗಳೇ ನನಗೆ ಹಾಡು ಹೇಳಿಕೊಡ್ತವೆ” ಅನ್ನುತ್ತಾನೆ. ಹೇಳಿಕೊಟ್ಟದ್ದು ನನ್ನ ಅಕ್ಕ ಜಂದೀರ, ಕೈಯಲ್ಲಿ ಇಸ್ತ್ರಿಪೆಟ್ಟಿಗೆ ಹಿಡಿದುಕೊಂಡು.

ಅಂಚೆ ಕಚೇರಿಯಲ್ಲಿ ಕಾಗದ ವಿಂಗಡಿಸುತ್ತಿದ್ದವನು ಅವನು. ದನಿ ಚೆನ್ನಾಗಿತ್ತು, ಮೀಸೆ ಅದಕ್ಕಿಂತ ಚೆನ್ನಾಗಿತ್ತು. ಗಿಟಾರಿನ ಮೇಲೆ ಅವನ ಎಡಗೈ ಜಾಗ ಬದಲಿಸುವಷ್ಟರಲ್ಲಿ ತಾಳ ಮುಂದೆ ಹೋಗಿರುತ್ತಿತ್ತು, ಹಾಗಾಗಿ ಪದಗಳನ್ನು ತಡವಾಗಿ ಎತ್ತಿಕೊಳ್ಳುತ್ತಿದ್ದ. ಪತ್ರಿಕೆಯವರು ಅದನ್ನು ಹೊಸ ಶೈಲಿ ಎಂದರು. ಪ್ಯಾರಿಸ್ಸಿನಲ್ಲಿ ಯಾರೋ ಅದರ ಬಗ್ಗೆ ಪುಸ್ತಕವನ್ನೇ ಬರೆದರಂತೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಇವನು ನೆಲವನ್ನು ಬೈಯುವ ಮೊದಲೇ ಊರಿನವರು ಡೊಂಕು ಕುಣಿತವೇ ಚೆಂದ ಅಂದುಬಿಟ್ಟರು.

ನಮ್ಮಲ್ಲಿ ಸಾಂಬಾ ಹಾಡಿಗೆ ಒಬ್ಬ ಪಲ್ಲವಿ ಕೊಟ್ಟರೆ ಇನ್ನೊಬ್ಬ ಚರಣ ಕಟ್ಟಬೇಕು. ಭಾವ ಪಲ್ಲವಿ ತರುತ್ತಿದ್ದ, ಅಕ್ಕ ಚರಣ ಕೊಡುತ್ತಿದ್ದಳು. ಅರವತ್ತೈದನೇ ಇಸವಿಯಲ್ಲಿ ಅಕ್ಕ ಸಾಂಬಾ ಸಂಘದ ಕವಿಗಳ ಕೂಟಕ್ಕೆ ತಾನೇ ಅರ್ಜಿ ಹಾಕಿದಳು. ಹೆಂಗಸು ಎಂಬ ಕಾರಣಕ್ಕೆ ಬಾಗಿಲು ಹಾಕಿಕೊಂಡು, ಕೈ ಎತ್ತಿಸಿ ಮತ ಎಣಿಸಿ, ಬೇಡವೆಂದರು. “ಸದ್ಯಕ್ಕೆ ನನ್ನ ಹೆಸರಲ್ಲಿರಲಿ” ಎಂದ ಭಾವ. ಹನ್ನೊಂದು ಸಾಂಬಾಗಳು ಹಾಗೇ ಹೋದವು. ಎಪ್ಪತ್ತೊಂದನೇ ಇಸವಿಯಲ್ಲಿ ಟೀವಿಯಲ್ಲಿ ಸುದ್ದಿ ಓದುವವಳೊಬ್ಬಳ ಹಿಂದೆ ಅವನೂ ಹೋದ. ಆಮೇಲೆ ಒಂದೂ ಒಳ್ಳೆಯ ಹಾಡು ಕಟ್ಟಲಿಲ್ಲ. ಅದಕ್ಕೆ ಪತ್ರಿಕೆಯವರು ‘ಮೌನದ ಕಾಲ’ ಎಂದು ಹೆಸರಿಟ್ಟರು.

ಹೋದ ಭಾನುವಾರ ಅವನಿಗೆ ನಮ್ಮ ಸಂಘದ ಹಿರಿಯರಿಗೆ ಗೌರವಕ್ಕೆ ಹಾಕುವ ಟೋಪಿ ಹಾಕುವುದಿತ್ತು. ಟೋಪಿ ಹಾಕಿಸಿಕೊಳ್ಳುವವರು ಎಲ್ಲರೆದುರು, ಕೊಟ್ಟ ಪಲ್ಲವಿಗೆ ಅಲ್ಲೇ ಚರಣ ಕಟ್ಟಬೇಕು ಎನ್ನುವುದು ಹಳೆಯ ಪದ್ಧತಿ.

“ಎಪ್ಪತ್ತೈದು ವರ್ಷದವನಿಗೆ ಪರೀಕ್ಷೆ ಯಾಕಪ್ಪಾ? ಟೋಪಿ ಹಾಕಿ, ಊಟ ಹಾಕೋಣ ಬಿಡು” ಎಂದರು ಸಂಘದ ಹಿರಿಯ ನೆಲಿತೊ.

“ಬೀದಿ ಗುಡಿಸೋ ಜೆನಿಲ್ದೊನ ಪರೀಕ್ಷೆ ಇಲ್ದೆ ಬಿಟ್ರಾ ನೀವು? ಕಡಲಪ್ಪನಿಗೆ ಬೇರೆ ನಿಯಮವಾ?” ಎಂದೆ. ನೆಲಿತೊ ಪರೀಕ್ಷೆಗೆ ಒಪ್ಪಿದರು.

ಸಂಘದ ಅಡುಗೆಮನೆಯಲ್ಲಿ ಅಕ್ಕ ಸೊಪ್ಪು ಹೆಚ್ಚುತ್ತಿದ್ದಳು. ದೊಡ್ಡ ಹಂಡೆಯಲ್ಲಿ ಕಪ್ಪು ಬೀನ್ಸು, ಹಂದಿಮಾಂಸ ಕುದಿಯುತ್ತಿತ್ತು.

“ಇವತ್ತು ಎಲ್ರ ಮುಂದೆ ನಿನ್ನ ಹೆಸರು ಹೇಳೇ ಹೇಳ್ತೀನಿ ಅಕ್ಕಾ.”

“ಮೂವತ್ತೊಂಬತ್ತು ವರ್ಷದಿಂದ ಹೇಳ್ತಾನೇ ಇದೀಯ.” ಚಾಕು ನಿಲ್ಲಿಸಿದಳು. “ಹೇಳು ತಮ್ಮಾ. ಸಾಯೋದ್ರೊಳಗೆ ಒಂದ್ಸಲ ಕೇಳ್ಬೇಕು ಅಂತ ಆಸೆ ನಂಗೂ ಇದೆ.”

ಭಾವ ಬಿಳಿ ಸೂಟು ಹಾಕಿಕೊಂಡು ಬಂದ. ನಾನು ನನ್ನ ಏಳು ತಂತಿಯ ಗಿಟಾರು ಹಿಡಿದು ಬೆಂಚಿನ ಮೇಲೆ ಕೂತಿದ್ದೆ. ನೆಲಿತೊ ಪಲ್ಲವಿ ಎತ್ತಿದರು:

“ಹಳೇ ಬೀದಿಗೆ ಬಂದೆ, ಕದವ ತಟ್ಟಿದೆ,
ಒಳಗಿಂದ ಕೇಳಿತು, ನೀನ್ಯಾರು?”

ಭಾವ ಪಲ್ಲವಿಯನ್ನೇ ತಿರುಗಿ ಹಾಡಿದ. ಇನ್ನೊಮ್ಮೆ ಹಾಡಿದ. ಮೂರನೇ ಸಲಕ್ಕೆ ಬೆವರಿದ.

“ಅಲೆ ಇನ್ನೂ ಬಂದಿಲ್ಲ ಅನ್ಸುತ್ತೆ” ಎಂದರು ಯಾರೋ ಹಿಂದಿನಿಂದ. ಎಲ್ಲರೂ ನಕ್ಕರು. ಅಷ್ಟು ಸಂತೋಷ ನನಗೆ ನನ್ನ ಮದುವೆಯಲ್ಲೂ ಆಗಿರಲಿಲ್ಲ.

ಎದ್ದು ನಿಂತೆ. “ಇವನ ಹನ್ನೊಂದು ಸಾಂಬಾಗೂ ಚರಣ ಕಟ್ಟಿದ್ದು ನಮ್ಮಕ್ಕ ಜಂದೀರ. ನಾಚಿಕೆ ಇಲ್ದಿದ್ರೆ ಇಲ್ಲ ಅನ್ನಲಿ ನೋಡೋಣ.”

ಭಾವ ಇಲ್ಲ ಎನ್ನಲಿಲ್ಲ. ಕರವಸ್ತ್ರದಿಂದ ಕತ್ತು ಒರೆಸಿಕೊಂಡ.

“ನಿಜ. ಕದ್ದಿದೀನಿ. ಆದ್ರೆ ಅವಳ ಅರ್ಜಿ ಬಂದ ದಿನ, ಅವಳನ್ನ ಸೇರಿಸ್ಕೊಳ್ಳಿ ಅಂತ ಒಂದೇ ಒಂದು ಕೈ ಎದ್ದಿತ್ತು. ಯಾರದು ಅಂತ ನೆಲಿತೊನೇ ಹೇಳ್ಲಿ.”

ನೆಲಿತೊ ನೆಲ ನೋಡಿದರು. “ಅಲ್ಸೀನೊಂದು.”

ಅಕ್ಕ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು. ಆ ಒಂದು ಕೈ ನನ್ನದು ಎಂದು ಇಷ್ಟು ವರ್ಷ ಅವಳಿಗೆ ಹೇಳಿಕೊಂಡು ಬಂದವನು ನಾನು.

“ನಿಂದು ಅಂದಿದ್ಯಲ್ಲ, ಒತಾಸೀಲಿಯೊ?”

ಅದುವರೆಗೆ ಹೆಸರು ಹಿಡಿದು ಅವಳು ನನ್ನನ್ನು ಕರೆದದ್ದೇ ಇಲ್ಲ. ನನ್ನ ಕೈ ಎದ್ದದ್ದು ಬೇಡವೆನ್ನುವವರ ಜೊತೆಗೆ. ಆಗ ನನಗೆ ಇಪ್ಪತ್ತೇಳು ವರ್ಷ, ಕೂಟಕ್ಕೆ ಸೇರಿ ತಿಂಗಳಾಗಿತ್ತು. ಅಕ್ಕನ ಸೆರಗು ಹಿಡಿದವನು ಎಂದು ನಗುತ್ತಾರೆ ಎಂದು ಹೆದರಿದೆ. ಇಷ್ಟೇ ಕಾರಣ. ಭಾವ ಕಳ್ಳ, ಅದರಲ್ಲಿ ಈಗಲೂ ಸಂಶಯವಿಲ್ಲ. ಬಾಗಿಲು ತೆರೆದು ಕೊಟ್ಟವನು ನಾನು.

ಅಕ್ಕ ಕೈ ಒರೆಸಿಕೊಂಡು ನಡುವೆ ಬಂದಳು. “ಪಲ್ಲವಿ ಇನ್ನೊಂದ್ಸಲ ಹೇಳಿ, ನೆಲಿತೊ.”

ಅಭ್ಯಾಸಬಲದಿಂದ ನನ್ನ ಬೆರಳು ತಂತಿಗೆ ಹೋಯಿತು.

“ನೀನು ನುಡಿಸ್ಬೇಡ” ಎಂದಳು, ತಿರುಗದೆ.

ಜನ ಚಾಕುವಿನಿಂದ ತಟ್ಟೆಯ ಅಂಚು ತಟ್ಟಿ ತಾಳ ಹಾಕಿದರು. ಅಕ್ಕ ಹಾಡಿದಳು:

“ನೀ ಬಿಟ್ಟುಹೋದವಳು ಇಲ್ಲೀಗ ಇಲ್ಲ,
ಇರುವಾಕೆಗೆ ನಿನ್ನ ಗುರುತಿಲ್ಲ.”

ಎಲ್ಲರೂ ಎದ್ದು ನಿಂತು ಅವಳೊಂದಿಗೆ ಹಾಡತೊಡಗಿದರು. ನೆಲಿತೊ ಟೋಪಿಯನ್ನು ಅವಳ ತಲೆಗೆ ಇಟ್ಟರು. ಭಾವ ಮೆಲ್ಲಗೆ ಬಂದು ನನ್ನ ಬೆಂಚಿನ ಪಕ್ಕ ನಿಂತ. ನಾನು ಸರಿದು ಜಾಗ ಬಿಟ್ಟೆ.