ಹದಿನೇಳೂ ಮುಕ್ಕಾಲನೇ ಮನೆ

"ಮುಕ್ಕಾಲು ಅಂದ್ರೆ ಏನಂತ ಒತ್ತಲಿ ನಾನು?" ಸರ್ವೇ ಮೇಡಂ ಕೈಯಲ್ಲಿದ್ದ ಯಂತ್ರವನ್ನು ಪೋಸ್ಟಣ್ಣನ ಮೂಗಿನ ಮುಂದೆ ಹಿಡಿದಳು. "ಇದರಲ್ಲಿ ಒಂದು, ಎರಡು, ಮೂರು ಇದೆ. ಕಾಲು, ಮುಕ್ಕಾಲು ಎಲ್ಲಾ ಇಲ್ಲ. ಇದೇನು ಮನೆ ನಂಬರಾ, ತರಕಾರಿ ತೂಕಾನಾ?"

ಪೋಸ್ಟಣ್ಣ ಉತ್ತರ ಕೊಡುವ ಮೊದಲು ಮೆಟ್ಟಿಲ ಮೇಲೆ ಕೂತ. ಮೂರು ದಿನದಿಂದ ಈಕೆಯ ಜೊತೆ ಪೇಟೆಯ ಮೆಟ್ಟಿಲುಗಳನ್ನೆಲ್ಲ ಹತ್ತಿ ಇಳಿದು ಅವನ ಮಂಡಿಗಳು ಮುಷ್ಕರ ಹೂಡಿದ್ದವು. ಬರುವ ಶುಕ್ರವಾರ ಅವನ ನಿವೃತ್ತಿ. ಕೊನೆಯ ವಾರವನ್ನಾದರೂ ಕಚೇರಿಯ ಫ್ಯಾನಿನ ಕೆಳಗೆ ಕೂತು ಕಳೆಯೋಣವೆಂದು ಆಸೆಪಟ್ಟಿದ್ದವನನ್ನು, ಆ ಪೇಟೆಯಲ್ಲಿ ಯಾವ ಮನೆ ಎಲ್ಲಿದೆಯೆಂದು ಗೊತ್ತಿರುವುದು ನಿಮಗೊಬ್ಬರಿಗೇ ಎಂದು ಹೊಗಳಿ ಪೋಸ್ಟ್‌ಮಾಸ್ಟರು ಬಿಸಿಲಿಗೆ ತಳ್ಳಿದ್ದರು.

ಹೊಗಳಿಕೆ ಸುಳ್ಳೇನಲ್ಲ. ಊರು ಹುಟ್ಟಿದ್ದೇ ಈ ಪೇಟೆಯಲ್ಲಿ. ಇಲ್ಲಿ ನಂಬರು ಬಿದ್ದದ್ದು ಬೀದಿಯ ಸಾಲು ಹಿಡಿದಲ್ಲ, ಮನೆ ಕಟ್ಟಿದ ಕ್ರಮ ಹಿಡಿದು. ಚರ್ಮದ ವ್ಯಾಪಾರಿಯೊಬ್ಬ ಬಾವಿಯ ಪಕ್ಕ ಕಟ್ಟಿಸಿದ್ದು ಒಂದನೇ ನಂಬರು. ಆ ಚರ್ಮದ ವಾಸನೆ ತಾಳಲಾರದೆ ಅವನ ಪಾಲುದಾರ ಪೇಟೆಯ ಇನ್ನೊಂದು ತುದಿಗೆ ಹೋಗಿ ಕಟ್ಟಿಸಿದ್ದು ಎರಡು. ಹೀಗಾಗಿ ಹದಿನೇಳರ ಎಡಕ್ಕೆ ನಾಲ್ಕು, ಬಲಕ್ಕೆ ತೊಂಬತ್ತೆರಡು. ಹದಿನೆಂಟನ್ನು ಹುಡುಕಿಕೊಂಡು ಬಂದ ನೆಂಟರು ಸುತ್ತಿ ಸುತ್ತಿ ಸುಸ್ತಾಗಿ ಹಗ್ಗದಂಗಡಿಯ ಜಗಲಿಯಲ್ಲಿ ಗಂಟು ಇಳಿಸಿ ಕೂತುಬಿಡುತ್ತಿದ್ದರು. ಪೋಸ್ಟಣ್ಣ ಬಂದು ಕೈಹಿಡಿದು ಕರೆದುಕೊಂಡು ಹೋಗಬೇಕಿತ್ತು.

ಆಮೇಲೆ ಊರು ನಾಲ್ಕೂ ದಿಕ್ಕಿಗೆ ಬೆಳೆದು, ಒಂದು ಕಾಲಕ್ಕೆ ತಾನೇ ಊರಾಗಿದ್ದ ಪೇಟೆ ಅದರ ಹೊಟ್ಟೆಯೊಳಗೆ ಸಿಕ್ಕಿಕೊಂಡಿತು. ಉಳ್ಳವರು ಗಾಳಿ ಬೆಳಕು ಇರುವ ಕಡೆ ಹೋದರು. ಕೆಳಗೆ ಗುಂಡಿಯಂಗಡಿ, ಗಾಜಿನಂಗಡಿ, ಮೇಲೆ ವಕೀಲರ ಕೋಣೆ, ಅದರ ಮೇಲೆ ಲಾಡ್ಜು. ಉಳಿದುಕೊಂಡ ಮನೆಗಳಲ್ಲಿ ಅಣ್ಣತಮ್ಮಂದಿರು ಮುಖ ಮುರಿದುಕೊಂಡು ನಡುವೆ ಹಲಗೆ ಹೊಡೆದರು. ಮನೆ ಒಡೆದಂತೆ ನಂಬರೂ ಒಡೆಯಿತು. ಹದಿನೇಳೂಕಾಲು, ಹದಿನೇಳೂವರೆ ಎಂದು ನಗರಸಭೆಯವರು ಸ್ವಲ್ಪ ದಿನ ಬರೆದುಕೊಂಡರು, ಆಮೇಲೆ ಅವರಿಗೂ ಸಾಕಾಯಿತು. ರಸ್ತೆ ಅಗಲ ಮಾಡುವಾಗ ಒಂದು ಸಾಲಿನ ಮುಂಗೋಣೆಗಳೆಲ್ಲ ಹೋಗಿ, ಒಳಗಿನ ಗೂಡುಗಳೂ ಕನ್ನಡಿಯ ಮೊಳೆಗಳೂ ಬೀದಿಗೆ ಬಂದು ನಿಂತವು. ಇವತ್ತಿಗೂ ಹಾಗೇ ಇವೆ. ಸಿನಿಮಾ ಮಂದಿರ ಗೋಣಿಚೀಲದ ಗೋದಾಮಾಯಿತು. ಮೆಟ್ಟಿಲ ಕೆಳಗೆ, ತಾರಸಿಯ ಮೇಲೆ, ಎಲ್ಲೆಲ್ಲಿ ಒಬ್ಬ ಮನುಷ್ಯ ಕಾಲು ಮಡಚಿ ಮಲಗಬಹುದೋ ಅಲ್ಲೆಲ್ಲ ಬಾಡಿಗೆಯವರು ಸೇರಿಕೊಂಡರು. ಅವರಿಗೆ ಮಾತ್ರ ನಂಬರಿರಲಿಲ್ಲ.

ಅಂಥವರಿಗೆ ನಂಬರು ಕೊಟ್ಟವನು ಪೋಸ್ಟಣ್ಣ. ಅದು ಅವನ ಕೆಲಸವಲ್ಲ. ಹಾಗೆ ಕೊಡುವುದು ತಪ್ಪು ಕೂಡ. ಆದರೆ 'ಹದಿನೇಳರ ಹಿಂದೆ, ನಲ್ಲಿ ದಾಟಿದ ಮೇಲೆ, ಕತ್ತಲೆ ಓಣಿ' ಎಂದು ವಿಳಾಸ ಹೇಳಿದರೆ ಯಾರು ತಾನೆ ಕಾಗದ ಬರೆದಾರು? ಕಿವಿಗೆ ಸಿಕ್ಕಿಸಿಕೊಂಡ ಪೆನ್ಸಿಲು ತೆಗೆದು ಬಾಗಿಲ ಮೇಲೆ ಕಾಲೋ ಮುಕ್ಕಾಲೋ ಗೀಚಿ, "ಇದನ್ನೇ ಹೇಳಿ ಎಲ್ಲರಿಗೂ" ಎನ್ನುತ್ತಿದ್ದ. ತಾನು ಕಾಗದ ಹಂಚುವ ಬೀಟಿನ ಮನೆಗಳನ್ನೆಲ್ಲ ಬರೆದಿಡುವ ಕಚೇರಿಯ ಪುಸ್ತಕದಲ್ಲಿ ಮಾತ್ರ ಇದ್ಯಾವುದನ್ನೂ ಬರೆಯುತ್ತಿರಲಿಲ್ಲ. ಬರೆದರೆ ಮೇಲಿನವರು ಕೇಳುತ್ತಾರೆ. ಎಲ್ಲವೂ ಅವನ ತಲೆಯಲ್ಲೇ ಇತ್ತು.

"ಇಲ್ಲಿರೋರು ಯಾರು?" ಮೇಡಂ ಕೇಳಿದಳು.

"ಕಾಜಾ ಅಕ್ಕ."

ಮೆಟ್ಟಿಲ ಕೆಳಗಿನ ಆ ಕೋಣೆಯಲ್ಲಿ ನೆಟ್ಟಗೆ ನಿಲ್ಲಬಹುದಾದ ಜಾಗ ಬಾಗಿಲ ಹತ್ತಿರ ಮಾತ್ರ. ಬೆಳಕು ಬೀಳುವುದೂ ಅಲ್ಲೇ. ಕಾಜಾ ಅಕ್ಕ ಹೊಸ್ತಿಲಿಗೆ ಕಾಲು ಚಾಚಿ, ಮಡಿಲಲ್ಲಿ ಕರಿ ಕೋಟು ಹರಡಿಕೊಂಡು ಕಾಜಾ ಹೊಲಿಯುತ್ತಿದ್ದಳು. ಮಿಷನ್ನಿನ ಕಾಜಾ ಒಪ್ಪದ ಹಳೇ ಕೋಟಿನಂಗಡಿಗಳು ಎರಡು ಉಳಿದಿದ್ದವು. ಅವಳ ಜೀವನ ಅವುಗಳ ಗುಂಡಿ ತೂತುಗಳಲ್ಲೇ ನಡೆಯುತ್ತಿತ್ತು.

"ಏನಂತೆ ಪೋಸ್ಟಣ್ಣ? ನನ್ನ ಮನೆ ಅವರ ಡಬ್ಬಿಯೊಳಗೆ ಹೋಗ್ತಿಲ್ವಂತಾ?"

"ಹೋಗುತ್ತೆ, ಸ್ವಲ್ಪ ತಾಳಕ್ಕ."

ಮೇಡಂ ಬೆಳಗಿನಿಂದ ಹತ್ತು ಮನೆಯಲ್ಲಿ ಹೇಳಿದ್ದನ್ನು ಇಲ್ಲೂ ಹೇಳಿದಳು. ಅವಳ ದನಿಯೂ ಸವೆದಿತ್ತು. "ಈ ಸಾಲು ಪೂರ್ತಿ ಕೆಡವ್ತಾರಮ್ಮ. ಪಟ್ಟಿಯಲ್ಲಿ ಇರೋರಿಗೆ ಹಿಂದಿನ ಬೀದಿಯ ಹೊಸ ಕಟ್ಟಡದಲ್ಲಿ ಒಂದೊಂದು ಕೋಣೆ. ಇಲ್ಲದೋರಿಗೆ ಏನೂ ಇಲ್ಲ. ಪಟ್ಟಿ ಇವತ್ತು ಐದು ಗಂಟೆಗೆ ಮುಚ್ಚುತ್ತೆ."

ಕಾಜಾ ಅಕ್ಕ ಸೂಜಿಯನ್ನು ಸೆರಗಿಗೆ ಚುಚ್ಚಿ, ಒಳಗಿನಿಂದ ತಗಡಿನ ಡಬ್ಬಿ ತಂದಳು. ಇದ್ದಬದ್ದ ಕಾಗದವೆಲ್ಲ ಅದರಲ್ಲಿತ್ತು. ಮೇಡಂ ಒಂದೊಂದನ್ನೇ ಬಿಡಿಸಿ ನೋಡಿ ಕೆಳಗಿಟ್ಟಳು. ಎಲ್ಲದರಲ್ಲೂ ಬರೀ ಹದಿನೇಳು. ಮುಕ್ಕಾಲನ್ನು ಯಾವ ಕಚೇರಿಯೂ ಹಾಕಿಕೊಂಡಿರಲಿಲ್ಲ. ಬರೀ ಹದಿನೇಳು ಮನೆ ಮಾಲೀಕನ ಹೆಸರಿನಲ್ಲಿ ನಿನ್ನೆಯೇ ಪಟ್ಟಿ ಸೇರಿಯಾಗಿತ್ತು.

"ಯಾವುದಾದ್ರೂ ಒಂದು ಸರ್ಕಾರಿ ದಾಖಲೆಯಲ್ಲಿ, ಒಂದೇ ಒಂದು ಸಲ, ನಿಮ್ಮ ಹೆಸರಿನ ಜೊತೆ ಈ ಮುಕ್ಕಾಲು ಬಂದಿದ್ರೆ ಸಾಕು. ಅಂಚೆ ಮುದ್ರೆ ಇರೋ ಲಕೋಟೆ? ಹಳೇದಾದ್ರೂ ಪರವಾಗಿಲ್ಲ."

ಕಾಜಾ ಅಕ್ಕ ನಕ್ಕುಬಿಟ್ಟಳು. "ಕಾಗದಾನಾ? ಇಪ್ಪತ್ತಾರು ವರ್ಷದಲ್ಲಿ ನನಗೆ ಒಂದೂ ಬಂದಿಲ್ಲ ಕಣಮ್ಮ. ಬೇಕಾದ್ರೆ ಪೋಸ್ಟಣ್ಣನ್ನೇ ಕೇಳು."

ಪೋಸ್ಟಣ್ಣ ತಲೆ ತಗ್ಗಿಸಿ ಮಂಡಿ ಒತ್ತಿಕೊಳ್ಳುತ್ತಿದ್ದ.

ಅವಳು ಸಾಕಿ ಬೆಳೆಸಿದ ತಮ್ಮನೊಬ್ಬನಿದ್ದ. ಹಡಗುಕಟ್ಟೆಯಲ್ಲಿ ಕೆಲಸ ಹುಡುಕಿಕೊಂಡು ಹೊರಟ ದಿನ ಇದೇ ಬಾಗಿಲಲ್ಲಿ ನಿಂತು, "ಬರೀತೀನಿ, ಆದ್ರೆ ಎಲ್ಲಿಗೆ ಅಂತ ಬರೀಲಿ?" ಎಂದು ಕೇಳಿದ್ದ. ಬೀಟಿಗೆ ಹೊಸಬನಾಗಿದ್ದ ಪೋಸ್ಟಣ್ಣ ಅಲ್ಲೇ ಪೆನ್ಸಿಲು ತೆಗೆದು ಮುಕ್ಕಾಲು ಬರೆದ. ತಮ್ಮ ಅದನ್ನು ಚೀಟಿಯಲ್ಲಿ ಗುರುತು ಹಾಕಿಕೊಂಡು ಹೋದ. ಹೋದವನು ಹೋದನೇ. "ಕಲ್ಲು ಮನಸ್ಸಿನವನು" ಎಂದು ಪೇಟೆಯೆಲ್ಲ ಅವನಿಗೆ ಶಾಪ ಹಾಕಿತು. ಕೆಲವು ಸಲ ಕಾಜಾ ಅಕ್ಕನೂ ಹಾಕಿದಳು.

ಆದರೆ ತಮ್ಮ ಬರೆದಿದ್ದ. ಹೋದ ಐದನೇ ವರ್ಷ, ಪೋಸ್ಟಣ್ಣ ಜ್ವರ ಬಂದು ಒಂದು ತಿಂಗಳು ಮಲಗಿದ್ದಾಗ, ಅವಳ ಹೆಸರಿಗೆ ರಿಜಿಸ್ಟರ್ ಕಾಗದ ಬಂತು. ಬದಲಿಗೆ ಬಂದವನು ಒಳ್ಳೆಯ ಕೆಲಸಗಾರನೇ. ಮೂರು ದಿನ ಹುಡುಕಿದ. ಆದರೆ ಕಾಜಾ ಅಕ್ಕನ ನಿಜವಾದ ಹೆಸರು ಪೇಟೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಪುಸ್ತಕದಲ್ಲಿ ಮುಕ್ಕಾಲು ಇರಲಿಲ್ಲ. ಪೆನ್ಸಿಲಿನ ಗುರುತು ಸುಣ್ಣದಡಿ ಮುಚ್ಚಿಹೋಗಿತ್ತು. 'ಇಂಥ ಮನೆ ಇಲ್ಲ' ಎಂದು ಬರೆದು ವಾಪಸು ಕಳಿಸಿದ. ಕಳಿಸಿದವನ ವಿಳಾಸ ಲಕೋಟೆಯ ಹಿಂದಿತ್ತು, ಲಕೋಟೆಯ ಜೊತೆಗೇ ಹೋಯಿತು. ಪೋಸ್ಟಣ್ಣ ಮತ್ತೆ ಕೆಲಸಕ್ಕೆ ಬಂದಾಗ ಉಳಿದಿದ್ದದ್ದು, ಹಿಂದಕ್ಕೆ ಕಳಿಸಿದ ಕಾಗದಗಳನ್ನು ಬರೆದಿಡುವ ವಾಪಸು ಪುಸ್ತಕದಲ್ಲಿ ಅವಳ ಹೆಸರೂ ನಂಬರೂ ಇದ್ದ ಒಂದು ಸಾಲು.

ಹೇಳಬೇಕೆಂದು ಅವತ್ತೇ ಹೊರಟಿದ್ದ. ಇನ್ನೊಂದು ಕಾಗದ ಬಂದೇ ಬರುತ್ತದೆ, ಎರಡನ್ನೂ ಸೇರಿಸಿ ಹೇಳಿದರಾಯಿತು ಎಂದುಕೊಂಡ. ಬರಲಿಲ್ಲ. ಅಂಥ ಮನೆಯೇ ಇಲ್ಲವೆಂದು ಹಿಂದಕ್ಕೆ ಬಂದ ಮೇಲೆ ಯಾರು ಬರೆಯುತ್ತಾರೆ? ಒಂದು ವರ್ಷ ಸುಮ್ಮನಿದ್ದವನಿಗೆ ಎರಡನೇ ವರ್ಷ ಬಾಯಿ ಬಿಡುವುದು ಇನ್ನೂ ಕಷ್ಟವಾಯಿತು. ಹೀಗೆ ಇಪ್ಪತ್ತೊಂದು ವರ್ಷ. ತಪ್ಪು ತನ್ನದೇ ಎಂದು ಅವನಿಗೆ ಗೊತ್ತಿತ್ತು; ಪುಸ್ತಕದಲ್ಲಿ ಒಂದು ಸಾಲು ಬರೆಯಲು ಹೆದರಿದ್ದಕ್ಕೆ ಒಬ್ಬ ತಮ್ಮ ಹೋದ.

ಮೇಡಂ ಗಡಿಯಾರ ನೋಡಿಕೊಂಡು ಓಣಿಗೆ ಇಳಿದಳು. ಪೋಸ್ಟಣ್ಣ ಕುಂಟುತ್ತ ಹಿಂದೆಯೇ ಹೋದ.

"ಮೇಡಂ, ಒಂದು ದಾಖಲೆ ಇದೆ. ನಮ್ಮ ಕಚೇರೀಲಿ. ನೀವೊಬ್ರೇ ಬಂದು ಅದರ ಫೋಟೋ ತಗೊಂಡ್ರೆ ಆಗಲ್ವಾ?"

"ಹೆಸರು ಅವರದು ತಾನೇ? ಅವರೇ ಓದಿ, ಇದು ನಾನೇ ಅಂತ ಸಹಿ ಹಾಕಬೇಕು ಯಜಮಾನ್ರೆ. ಯಾಕೆ, ಅವರು ನೋಡಬಾರದಂಥದ್ದು ಏನಿದೆ ಅದರಲ್ಲಿ?"

ಅವನ ನಿವೃತ್ತಿಗೆ ಇನ್ನು ಎರಡೇ ದಿನ. ಈಗ ಬಾಯಿ ಮುಚ್ಚಿಕೊಂಡಿದ್ದರೆ ಶುಕ್ರವಾರದ ಮೇಲೆ ಈ ಓಣಿಗೆ ಕಾಲಿಡಬೇಕಾಗಿಲ್ಲ. ದಾಖಲೆ ಸಿಗಲಿಲ್ಲ ಅಂದರೆ ಯಾರೂ ಕೇಳುವುದಿಲ್ಲ. ಸರ್ಕಾರದ ಯಂತ್ರ ಮುಕ್ಕಾಲನ್ನು ಒಪ್ಪಲಿಲ್ಲ, ಪಾಪ ಪೋಸ್ಟಣ್ಣ ಏನು ಮಾಡಿಯಾನು ಎನ್ನುತ್ತಾರೆ. ಕಾಜಾ ಅಕ್ಕನೂ ಹಾಗೇ ಅಂದಾಳು, ಡಬ್ಬಿ ಬಗಲಿಗಿಟ್ಟುಕೊಂಡು ಎಲ್ಲಿಗೋ ಹೋದಾಳು. ಎಲ್ಲಿಗೆ ಎಂದು ಯೋಚಿಸಿದ. ಅವನಿಗೆ ಎಲ್ಲಿಯೂ ತೋಚಲಿಲ್ಲ.

"ಅಕ್ಕ," ಎಂದು ಕೂಗಿದ, "ಬಾಗಿಲು ಹಾಕ್ಕೊಂಡು ಬಾ. ಪೋಸ್ಟಾಫೀಸಿಗೆ ಹೋಗೋದಿದೆ."

ಉಗ್ರಾಣದ ಕೋಣೆಯಲ್ಲಿ ಅವನು ಪುಸ್ತಕವನ್ನು ಹುಡುಕಬೇಕಾಗಲಿಲ್ಲ. ಯಾವ ಕಪಾಟು, ಯಾವ ಅಟ್ಟಿ, ಯಾವ ಪುಟ ಎಂದು ಕೈಗೇ ಗೊತ್ತಿತ್ತು. ಧೂಳು ಒರೆಸಿ, ಕಿಟಕಿಯ ಪಕ್ಕದ ಮೇಜಿನ ಮೇಲೆ ತೆರೆದಿಟ್ಟು ಹಿಂದೆ ಸರಿದ. ಕಾಜಾ ಅಕ್ಕ ಕನ್ನಡಕ ಹಾಕಿಕೊಂಡು, ಬೆರಳಿಟ್ಟು ಅಕ್ಷರ ಅಕ್ಷರವಾಗಿ ಓದಿದಳು.

"ನನ್ನ ಹೆಸರು," ಎಂದಳು ಖುಷಿಯಲ್ಲಿ. "ಹದಿನೇಳೂ ಮುಕ್ಕಾಲು ಅಂತಾನೂ ಇದೆ. ನೋಡಮ್ಮ, ಇಲ್ಲಿದೆ!" ಬೆರಳು ಮುಂದಿನ ಅಂಕಣಕ್ಕೆ ಸರಿಯಿತು. ಅಲ್ಲಿ ನಿಂತಿತು. "ಇದೇನಿದು, ವಾಪಸು?"

"ನಿನ್ನ ತಮ್ಮಂದು," ಎಂದ ಪೋಸ್ಟಣ್ಣ. "ನಾನು ಮಲಗಿದ್ದೆ. ಬದಲಿ ಬಂದವನಿಗೆ ಮನೆ ಸಿಗಲಿಲ್ಲ. ನಾನು ಪುಸ್ತಕದಲ್ಲಿ ಬರೆದಿಟ್ಟಿರಲಿಲ್ಲ ಅಕ್ಕ. ಆಮೇಲೆ ನಿನಗೆ ಹೇಳಲೂ ಇಲ್ಲ."

ಮೇಡಂ ಪುಟದ ಫೋಟೋ ತೆಗೆದುಕೊಂಡು, ಯಂತ್ರವನ್ನು ಮೆಲ್ಲನೆ ಮುಂದೆ ಸರಿಸಿ, ಸಹಿ ಎಲ್ಲಿ ಹಾಕಬೇಕೆಂದು ಬೆರಳಲ್ಲಿ ತೋರಿಸಿದಳು. ಕಾಜಾ ಅಕ್ಕ ಹಾಕಿದಳು. ಮೇಡಂ ಹದಿನೇಳು ಎಂದು ಒತ್ತಿ, ಮುಕ್ಕಾಲನ್ನು ಷರಾ ಎಂಬಲ್ಲಿ ಅಕ್ಷರದಲ್ಲೇ ಬರೆದಳು. "ಆಯ್ತಮ್ಮ. ನಿಮ್ಮ ಕೋಣೆ ಬಂತು," ಎಂದಳು. ಚೀಲ ಹೆಗಲಿಗೇರಿಸಿಕೊಂಡು ಹೊರಗೆ ಹೋದಳು.

ಕೋಣೆಯಲ್ಲಿ ಇಬ್ಬರೇ ಉಳಿದರು. ಕಿಟಕಿಯಾಚೆ ಯಾರೋ ಚೀಟಿಗಳಿಗೆ ಮುದ್ರೆ ಹೊಡೆಯುತ್ತಿದ್ದರು. ಅವಳು ಬಯ್ದರೆ ಚೆನ್ನಾಗಿತ್ತು ಎಂದುಕೊಂಡ ಪೋಸ್ಟಣ್ಣ. ಪೇಟೆಗೆಲ್ಲ ಕೇಳಿಸುವಂತೆ ಬಯ್ಯುವ ಬಾಯಿ ಅವಳದು.

"ಸತ್ತಿರಬೇಕು ಅಂತ ಒಂದಷ್ಟು ವರ್ಷ ಅಂದ್ಕೊಂಡೆ," ಎಂದಳು ಕಾಜಾ ಅಕ್ಕ, ಪುಟದಿಂದ ಕಣ್ಣೆತ್ತದೆ. "ಮರೆತಿರಬೇಕು ಅಂತ ಒಂದಷ್ಟು ವರ್ಷ. ಎರಡರಲ್ಲಿ ಯಾವುದು ವಾಸಿ ಅಂತ ನನಗೆ ಇನ್ನೂ ತಿಳಿದಿರಲಿಲ್ಲ ನೋಡು." ಆ ಸಾಲಿನ ಮೇಲೆ ಬೆರಳು ಸವರುತ್ತ, "ಅಕ್ಕನಿಗೇ ನಾನು ಬೇಡವಾದೆ ಅಂತ ಅಂದ್ಕೊಂಡಿರ್ತಾನೆ ಅವನು. ಅಲ್ವಾ?"

ಅವನು ತಲೆಯಾಡಿಸಿದ.

ಅವಳು ಕನ್ನಡಕ ತೆಗೆದು ಸೆರಗಿನಿಂದ ಒರೆಸಿದಳು. ಮತ್ತೆ ಹಾಕಿಕೊಳ್ಳಲಿಲ್ಲ.

"ಕಾಗದ ದಪ್ಪ ಇತ್ತಾ ಪೋಸ್ಟಣ್ಣ?"

ಅವನು ಆ ಕಾಗದವನ್ನು ಕಣ್ಣಿಂದ ಕಂಡವನೇ ಅಲ್ಲ. ಅದು ಒಂದೇ ಹಾಳೆಯಾಗಿತ್ತೋ, ಅರ್ಧ ಹಾಳೆಯೋ, ಪುಸ್ತಕದಲ್ಲಿ ಅದಕ್ಕೆ ಅಂಕಣವಿರಲಿಲ್ಲ. ಅವನು ಬಲಗೈ ಎತ್ತಿ, ಹೆಬ್ಬೆರಳಿಗೂ ತೋರುಬೆರಳಿಗೂ ನಡುವೆ ಜಾಗ ಬಿಟ್ಟು ಹಿಡಿದ. ಸಾಲದೆನಿಸಿ ಇನ್ನೊಂದಿಷ್ಟು ಅಗಲಿಸಿದ.

"ಇಷ್ಟು," ಎಂದ.

ಕಾಜಾ ಅಕ್ಕ ಬಗ್ಗಿ ಅವನ ಬೆರಳುಗಳ ನಡುವಿನ ಜಾಗವನ್ನು ನೋಡಿದಳು. ಅವಳು ನೋಡಿ ಮುಗಿಸುವವರೆಗೂ ಅವನು ಕೈ ಇಳಿಸಲಿಲ್ಲ.