ಪರದೆಗೆ ಬೆನ್ನು ಹಾಕಿ ಕೂತವನು

ತೈಸ್ತೊ ಹಾಯ್ರಿನೆನ್ ಇತ್ತೀಚಿನವರೆಗೂ ತಾನು ಮಾಡಿದ ಸಿನಿಮಾವನ್ನು ಪರದೆಯ ಮೇಲೆ ನೋಡಿದವನೇ ಅಲ್ಲ. ಉತ್ತರದ ಹಿಮನಾಡಿನ ತುರ್ಕು ಪಟ್ಟಣದ ನಮ್ಮ ಚಿತ್ರಸಮಾಜದಲ್ಲಿ ಮೂವತ್ತು ವರ್ಷ ಪ್ರೊಜೆಕ್ಟರ್ ನಡೆಸಿದ ನಾನು ಪ್ರತಿಸಲವೂ ಕಂಡದ್ದು ಒಂದೇ ನೋಟ: ದೀಪ ಆರಿದೊಡನೆ ಅವನು ಎಡಗಾಲನ್ನು ತುಸು ಎಳೆಯುತ್ತ ಬಂದು, ಪರದೆಯ ಕೆಳಗೆ ಸ್ಟೂಲಿಟ್ಟು, ಪರದೆಗೆ ಬೆನ್ನು ಹಾಕಿ, ಪ್ರೇಕ್ಷಕರ ಮುಖಗಳನ್ನೇ ನೋಡುತ್ತ ಕೂರುತ್ತಿದ್ದ. ಬೇಸಿಗೆಯಲ್ಲೂ ಬಿಡದ ಕಂದು ಕೋಟಿನ ಜೇಬಿನಲ್ಲಿ ಒಂದು ಕತ್ತರಿ ಇರುತ್ತಿತ್ತು.

ನಮ್ಮ ಜನ ನಗುವುದರಲ್ಲಿ ಮಹಾ ಜಿಪುಣರು. ಹೊಟ್ಟೆಯೊಳಗೇ ನಕ್ಕು, ವಾರ ಕಳೆದು ಬಸ್ಸಿನಲ್ಲಿ ಸಿಕ್ಕಾಗ ಪರವಾಗಿಲ್ಲ ಎಂದರೆ ಅದೇ ದೊಡ್ಡ ಬಿರುದು. ಆದರೂ ಒಬ್ಬರ ಕಿವಿ ಕೆಂಪಾದದ್ದು, ಇನ್ನೊಬ್ಬರ ಕೈಗವಸು ಬಾಯಿಗೆ ಹೋದದ್ದು ಅವನ ಕಣ್ಣು ತಪ್ಪುತ್ತಿರಲಿಲ್ಲ. ಎಲ್ಲಿ ನಗು ಬಂತೋ ಆ ತುಂಡನ್ನು ಮರುದಿನವೇ ಕತ್ತರಿಸಿ ತೆಗೆಯುತ್ತಿದ್ದ. "ನಕ್ಕಾದ್ಮೇಲೆ ಅಲ್ಲೇನಿದೆ ಮಣ್ಣು? ನಗು ಇನ್ನೇನು ಬರ್ಬೇಕು ಅನ್ನೋ ಗಳಿಗೆ ಇದ್ಯಲ್ಲ, ನಂಗೆ ಅದು ಬೇಕು," ಎನ್ನುತ್ತಿದ್ದ. ಒಂದು ನಕಲು ತೆಗೆಸಿಡು ಎಂದು ನಾನು ಗೋಗರೆದರೆ, ನಕಲಿದ್ದರೆ ಕತ್ತರಿಗೆ ಧೈರ್ಯ ಎಲ್ಲಿಂದ ಬರಬೇಕು ಎಂದು ನನ್ನನ್ನೇ ಗದರುತ್ತಿದ್ದ. ಹೀಗೆ ಅವನ ಜೀವಮಾನದ ಹದಿನಾಲ್ಕು ಕಿರುಚಿತ್ರಗಳು ಸವೆದು ಸವೆದು, ಇಂದು ಎಲ್ಲ ಸೇರಿದರೂ ಒಂದು ಲೋಟ ಕಾಫಿ ಆರುವಷ್ಟು ಹೊತ್ತು ಓಡುವುದಿಲ್ಲ. ಚೂರುಗಳೆಲ್ಲ ಬರ್ಚ್ ಮರದ ತೊಗಟೆಯ ಬುಟ್ಟಿಗೆ ಬಿದ್ದು, ಶನಿವಾರ ಸೌನಾ ಎಂಬ ಹಬೆಸ್ನಾನದ ಮನೆಯ ಒಲೆ ಹೊತ್ತಿಸಲು ಹೋಗುತ್ತಿದ್ದವು.

'ಏಣಿ' ಮೊದಲು ಹನ್ನೊಂದು ನಿಮಿಷದ ಮೂಕಿಚಿತ್ರವಾಗಿತ್ತು. ಅವನೂ ಅವನ ಹೆಂಡತಿ ಸಿರ್ಕಾಳೂ ಉದ್ದನೆಯ ಏಣಿಯೊಂದನ್ನು ಸೌನಾದ ಗಿಡ್ಡ ಬಾಗಿಲೊಳಗೆ ತೂರಿಸಲು ಹೆಣಗುತ್ತಾರೆ. ಅವನು ಏಣಿಯ ಸಮೇತ ಒಳಗೆ ಸಿಕ್ಕಿಕೊಂಡಾಗ ಅವಳು ಹೊರಗೆ ಹೊಸ್ತಿಲ ಮೇಲೆ ಕುಸಿದು ಕೂತು ಬಿದ್ದು ಬಿದ್ದು ನಗುತ್ತಾಳೆ. ಆ ಸಂಜೆ ನಮ್ಮ ಸಭೆ ಮೊದಲ ಬಾರಿಗೆ ಗೊಳ್ಳೆಂದಿತು. ಮರುದಿನ ಕತ್ತರಿ ಆಡಿತು. "ನನ್ನ ನಗೂನೇ ಒಲೆಗೆ ಹಾಕ್ತೀಯೇನೋ ಪುಣ್ಯಾತ್ಮ?" ಎಂದು ಸಿರ್ಕಾ ರೇಗಿಸಿದಳೇ ಹೊರತು ತಡೆಯಲಿಲ್ಲ. ಆ ಶನಿವಾರ ಒಲೆ ಹೊತ್ತಿಸಿದವಳೂ ಅವಳೇ.

ಹೋದ ಮಾರ್ಚ್ ತಿಂಗಳಲ್ಲಿ ಸಿರ್ಕಾ ತೀರಿಕೊಂಡಳು. ಫೋಟೊಗೆ ನಿಂತರೆ ತುಟಿ ಬಿಗಿಯುವ ಜನ ನಾವು. ಮನೆಯಲ್ಲಿರುವ ಒಂದು ಫೋಟೊದಲ್ಲೂ ಅವಳು ನಕ್ಕಿಲ್ಲ. ಅವಳ ನಗುವಿನ ಚೂರೆಲ್ಲ ಒಲೆಗೆ ಹೋಯಿತೆಂದು ಗೊತ್ತಿದ್ದೂ ತೈಸ್ತೊ ನನ್ನ ಪ್ರೊಜೆಕ್ಟರ್ ಕೋಣೆಗೆ ಬಂದು ಡಬ್ಬಿ, ಕಪಾಟು, ನೆಲದ ಸಂದುಗಳನ್ನೆಲ್ಲ ತಡಕಾಡಿದ. ಆಮೇಲೆ ಖಾಲಿ ಸಭಾಂಗಣದಲ್ಲಿ ಸ್ಟೂಲನ್ನು ಪರದೆಯತ್ತ ತಿರುಗಿಸಿ ಕೂತು, ಹಾಕು ಎಂದ. ಈಗ ಐವತ್ತೇ ಸೆಕೆಂಡಿನ 'ಏಣಿ' ಓಡಿತು. ಅವಳು ಹೊಸ್ತಿಲಲ್ಲಿ ಕೂತಳು, ತುಟಿಯಂಚು ಅಲುಗಿತು, ಪರದೆ ಬೆಳ್ಳಗಾಯಿತು. ಐದು ಸಲ ಹಾಕಿಸಿದ. ಐದು ಸಲವೂ ನಾನು ರೀಲನ್ನು ಹಿಂದಕ್ಕೆ ಸುತ್ತಿದೆ.

"ಇದಾದ್ಮೇಲೆ ಹೇಗೆ ನಕ್ಳು?" ಎಂದ. "ನೀನು ನೋಡಿದ್ದೀಯಲ್ಲ, ಹೇಳು."

ತಲೆ ಹಿಂದಕ್ಕೆ ಚೆಲ್ಲಿ, ಮೊಣಕಾಲು ಬಡಿದುಕೊಳ್ಳುತ್ತ ನಕ್ಕಳು ಎಂದೆ. ಹೇಳುತ್ತಿದ್ದಂತೆ ಅದು ನಿಜವೋ ನಾನು ಕಟ್ಟಿದ್ದೋ ನನಗೇ ತಿಳಿಯದಾಯಿತು. ಅವನು ಮಾತ್ರ ಮಗುವಿನ ಹಾಗೆ ತಲೆಯಾಡಿಸಿ, ಇನ್ನೊಂದು ಸಲ ಹೇಳು ಎಂದ.

ಲೋಕವನ್ನು ನಗಿಸುವುದನ್ನೇ ವ್ರತವಾಗಿ ಹಿಡಿದವರ ಪಾಡು ಬಹುಶಃ ಇಷ್ಟೇ. ಕತ್ತಲಲ್ಲಿ ಕೂತ ಅಪರಿಚಿತರ ಮುಖಗಳಲ್ಲಿ ಅವರು ಆಯುಷ್ಯವಿಡೀ ನಗುವನ್ನು ಹುಡುಕುತ್ತಾರೆ; ಅವರಿಗಾಗಿಯೇ ನಕ್ಕ ಮುಖ ಅಷ್ಟು ಹೊತ್ತೂ ಅವರ ಬೆನ್ನ ಹಿಂದೆ ಇರುತ್ತದೆ.