ಸುಮ್ಮನಿದ್ದವರ ಒಪ್ಪಿಗೆ

ಟಕ್. ನಡುರಾತ್ರಿ ಅಡುಗೆಮನೆಯಲ್ಲಿ ಅಷ್ಟೇ ಸದ್ದು, ಅದರ ಹಿಂದೆಯೇ ಅತ್ತಿಗೆಯ ಚೀರಾಟ. ನಾದಿನಿ ಓಡಿ ಬಂದಳು. ಅಣ್ಣ ಕಾರ್ಖಾನೆಯಿಂದ ಹೆಮ್ಮೆಯಿಂದ ತಂದಿಟ್ಟಿದ್ದ ಹೊಸ ಮಾದರಿಯ ಕರೆಂಟ್ ಕೆಟಲ್‌ನ ಮುಚ್ಚಳ ಬಾಯಿ ತೆರೆದಿತ್ತು. ಅತ್ತಿಗೆಯ ಮುಂಗೈ ಸುಟ್ಟು ಕೆಂಪಾಗಿತ್ತು.

"ನಿಮ್ಮಣ್ಣನಿಗೆ ಹೇಳಬೇಡ. ಪಾತ್ರೆ ಜಾರಿತು ಅಂತೀನಿ. ಮೊದಲೇ ರಾತ್ರಿಯೆಲ್ಲ ಕಾರ್ಖಾನೆಯಲ್ಲಿದ್ದು ನಿದ್ದೆಗೆಟ್ಟಿದ್ದಾರೆ, ಮನೇಲಿ ಜಗಳ ಬೇಡ."

ಆ ಕಾರ್ಖಾನೆಯಲ್ಲಿ ಮಾದರಿಗಳನ್ನು ಪರೀಕ್ಷಿಸುವುದು ನಾದಿನಿಯದೇ ಕೆಲಸ. ಈ ಮುಚ್ಚಳವನ್ನು ಅವಳು ಮುಟ್ಟಿಯೂ ಇರಲಿಲ್ಲ. ಕೆಲಸ ಚುರುಕಾಗಲೆಂದು ಅಲ್ಲಿನ ಮ್ಯಾನೇಜರಾದ ಅಣ್ಣ ಹೊಸ ನಿಯಮ ತಂದಿದ್ದ: ಪ್ರತಿಯೊಂದು ಕೆಲಸದ ಚೀಟಿ ಗೋಡೆಯ ಹಲಗೆಗೆ ಏರಬೇಕು, ಸಂಜೆಯೊಳಗೆ ಯಾರೂ ಬೇಡವೆನ್ನದಿದ್ದರೆ ಒಪ್ಪಿದಂತೆ. ಅವಳು ಜ್ವರದಲ್ಲಿ ಮಲಗಿದ್ದ ದಿನ ಮುಚ್ಚಳದ ಕೊಂಡಿ ಹಾಗೆಯೇ ಪಾಸಾಗಿತ್ತು. ಇನ್ನು ಅದರ ಅಚ್ಚು ಕೊರೆದುಬಿಟ್ಟರೆ ಇಂಥ ಮುಚ್ಚಳ ಮನೆಮನೆಗೂ ಹೋಗುತ್ತದೆ.

ಬೆಳಿಗ್ಗೆ ಕಾರ್ಖಾನೆಯಲ್ಲಿ ಅಣ್ಣನನ್ನು ಅಡ್ಡಗಟ್ಟಿದಳು. "ಆ ಕೊಂಡಿ ಬಿಸಿಗೆ ನಿಲ್ಲಲ್ಲ. ಅಚ್ಚು ನಿಲ್ಲಿಸು."

"ಶುರುವಾಯ್ತಾ? ನಿನಗೆ ಮೊಸರಲ್ಲಿ ಕಲ್ಲು ಹುಡುಕೋದೇ ಕೆಲಸ."

"ಹೌದು, ಅದಕ್ಕೇ ಸಂಬಳ ಕೊಡೋದು."

"ಹಾಗಿದ್ರೆ ಆವತ್ತೇ ಹೇಳಬೇಕಿತ್ತು. ಸುಮ್ಮನಿದ್ದೆಯಲ್ಲ."

"ಜ್ವರ ಬಂದು ಬಿದ್ದಿದ್ದೆ! ಮಾತ್ರೆ ತಂದುಕೊಟ್ಟವನು ನೀನೇ ತಾನೇ?"

"ಹಲಗೆಗೆ ಅದೆಲ್ಲ ಗೊತ್ತಾಗಲ್ಲಮ್ಮ," ಎಂದು ಅವನು ನಡೆದೇಬಿಟ್ಟ.

ಅವಳಿಗೆ ಮೈಯೆಲ್ಲ ಉರಿದುಹೋಯಿತು. ನೆಟ್ಟಗೆ ಹಲಗೆಯ ಹತ್ತಿರ ಹೋಗಿ, 'ಅಚ್ಚು ನಿಲ್ಲಿಸುವುದು. ಕೊಂಡಿಯ ಮರುಪರೀಕ್ಷೆ' ಎಂದು ಚೀಟಿ ಬರೆದು ನಟ್ಟನಡುವೆ ಚುಚ್ಚಿದಳು. ಅಣ್ಣ ದಿನವಿಡೀ ಅದರ ಮುಂದೆಯೇ ಓಡಾಡಿದ. ಮುಗಿದ ಕೆಲಸಗಳ ಸಾಲು ಬೆಳೆಯುವುದನ್ನು ನೋಡಿ ಹಿಗ್ಗುತ್ತಿದ್ದನೇ ಹೊರತು ಒಂದು ಚೀಟಿಯನ್ನೂ ಓದುತ್ತಿರಲಿಲ್ಲ. ಸಂಜೆಗೆ ಚೀಟಿ ಪಾಸಾಯಿತು. ಅಚ್ಚಿನವನು ಯಂತ್ರ ಆರಿಸಿದ.

ಅಣ್ಣ ಕೆಂಡವಾಗಿ ಬಂದ. "ಯಾರನ್ನ ಕೇಳಿ ನಿಲ್ಲಿಸಿದೆ?"

"ನೀನು ಸುಮ್ಮನಿದ್ದೆಯಲ್ಲ ಅಣ್ಣಾ!"

ಮರುದಿನ ಮಾಲೀಕರ ಎದುರಿಗೇ ಅವಳು ನೀರು ಕುದಿಸಿದಳು. ಮತ್ತೆ ಮತ್ತೆ ಕುದಿಸಿದ ಮೇಲೆ ಮುಚ್ಚಳ ಹಾರಿತು. ಮಾಲೀಕರು ಅಣ್ಣನ ಬೆನ್ನು ತಟ್ಟಿದರು.

"ನಿಮ್ಮ ಪದ್ಧತಿ ಇಲ್ಲದಿದ್ರೆ ಈ ತಪ್ಪು ಸಿಕ್ತಾನೇ ಇರಲಿಲ್ಲ ನೋಡಿ!"

ಅಣ್ಣ ಹಲ್ಲು ಕಿರಿದ. ಸುಟ್ಟ ಕೈಯ ಮಾತು ಅವಳ ನಾಲಿಗೆಯ ತುದಿಗೆ ಬಂತು. ಒಂದೇ ಮಾತು ಸಾಕಿತ್ತು, ಅವನ ನಗು ಅಲ್ಲೇ ಇಳಿಯುತ್ತಿತ್ತು. ಆದರೆ ರಾತ್ರಿ ಮನೆಯಲ್ಲಿ ಅದಕ್ಕೆ ಉತ್ತರ ಹೇಳಬೇಕಾದವಳು ಅತ್ತಿಗೆ. ಅಚ್ಚಂತೂ ನಿಂತಿತು. ಹಲ್ಲು ಕಚ್ಚಿ ಕೆಟಲ್ಲಿನ ನೀರು ಚೆಲ್ಲಿದಳು. ಇಲ್ಲ, ಯಾರಿಗೂ ಹೇಳುವುದಿಲ್ಲ.